ಟಾರ್ಪಾಲಿನ ಹಿಂದಿನ ಗಿರಾಕಿ

ಮಾರ್ಚ್ 9, ರಾತ್ರಿ

ಇವತ್ತೂ ಕೊಪ್ಪ ಬಸ್‌ಸ್ಟ್ಯಾಂಡ್. ಟ್ರೈಪಾಡ್ ಅದೇ ಮೂಲೆಯಲ್ಲಿ. ಕತ್ತಲಾದ ಮೇಲಿನ ಪೇಟೆಯೇ ನನ್ನ ಡಾಕ್ಯುಮೆಂಟರಿ. ಯಾರಿಗೂ ಹೀಗೆ ನಿಲ್ಲಿ, ಹಾಗೆ ನಡೆಯಿರಿ ಎನ್ನುವುದಿಲ್ಲ. ಆದದ್ದನ್ನು ತೆಗೆಯುವುದು, ಅಷ್ಟೇ. ಹಟ ಅಂದರೆ ಹಟ.

ಮುಬಾರಕ್ ಭಾಯ್ ಅವರ ಆಮ್ಲೆಟ್ ಗಾಡಿಗೆ ಹಿಂದೊಂದು ಟಾರ್ಪಾಲು. ಮೊಟ್ಟೆ ಮುಟ್ಟಬಾರದ ಮನೆಯವರು ಅದರ ಹಿಂದೆ ನಿಂತು ತಿನ್ನುತ್ತಾರೆ. ಪೇಟೆಗೆಲ್ಲ ಗೊತ್ತು. ಯಾರೂ ಅತ್ತ ನೋಡುವುದಿಲ್ಲ. ಎಂಥ ಸಭ್ಯತೆ!

"ಮೇಡಂ, ಅವರ ಮುಖ ಬೇಡ ಆಯ್ತಾ," ಎಂದರು ಮುಬಾರಕ್. ಮುಖ ತೆಗೆಯಲಿಲ್ಲ. ಟಾರ್ಪಾಲಿನ ಕೆಳಗೆ ಕಾಣುವ ಕಾಲು ಮಾತ್ರ. ಸೊಗಸಾದ ಶಾಟ್.

ಮಾರ್ಚ್ 11

ಆ ಶಾಟ್ ಇನ್‌ಸ್ಟಾಗ್ರಾಂಗೆ ಹಾಕಿದೆ. ಸಿಕ್ಕಾಪಟ್ಟೆ ಲೈಕ್. ಖುಷಿ.

ಮಾರ್ಚ್ 12, ಬೆಳಿಗ್ಗೆ

ಕಮೆಂಟ್ — "ಇದು ನಮ್ಮ ಹರಿಹರ ಭಟ್ರ ಚಪ್ಪಲಿ ಅಲ್ದಾ?" ಕೆಳಗೆ ನಗುವ ಎಮೋಜಿಗಳ ಸಾಲು. ಎಡಕ್ಕೆ ನೀಲಿ ಬಾರು, ಬಲಕ್ಕೆ ಕೆಂಪು. ಊರಿಗೆಲ್ಲ ಗುರುತು. ನನಗೆ ಹೊಳೆಯಲೇ ಇಲ್ಲ!

ಭಟ್ಟರು ಮದುವೆ, ಉಪನಯನಗಳ ಅಡುಗೆಯವರು. ಮಡಿ ಅಡುಗೆ. ಡಿಲೀಟ್ ಮಾಡಿದೆ. ವಾಟ್ಸಾಪಿನಲ್ಲಿ ಆಗಲೇ ಓಡುತ್ತಿದೆ...

ಮಾರ್ಚ್ 16

ಕ್ಯಾಮೆರಾ ಬ್ಯಾಗಿನಲ್ಲೇ ಇದೆ. ಭಂಡಿಗಡಿಯ ಉಪನಯನದವರು ಭಟ್ಟರಿಗೆ "ಯೋಚನೆ ಮಾಡಿ ಹೇಳ್ತೇವೆ" ಎಂದರಂತೆ. ಅವರು ಬಿಟ್ಟರೆ ಉಳಿದವರೂ ಬಿಡುತ್ತಾರೆ. ಸೀಸನ್ನೇ ಹೋಯಿತು. ಫೋನ್ ರಿಂಗಾದರೆ ಎತ್ತುತ್ತಿಲ್ಲ. ಭಟ್ಟರು ಬೈದರೆ ಬೈಯಲಿ. ಬೈಯದಿದ್ದರೆ?

ಮಾರ್ಚ್ 17, ಸಂಜೆ

ಭಟ್ಟರೇ ಬಂದರು. ಬೈಯಲಿಲ್ಲ.

"ಸಿಂಚನಾ, ಒಂದು ಉಪಕಾರ ಮಾಡು ಮಾರಾಯ್ತಿ. ಈ ಚಪ್ಪಲಿ ಮುಬಾರಕ್ ಕಾಲಿಗೆ ಹಾಕಿ ಇನ್ನೊಂದು ವೀಡಿಯೊ ತೆಗಿ. ಚಪ್ಪಲಿ ಮೊದಲೇ ಅವನಿಗೆ ಕೊಟ್ಟಿದ್ದೆ ಅಂತೇನೆ, ಅವತ್ತು ನಿಂತದ್ದೂ ಅವನೇ ಅಂತ ಕಾಣ್ಲಿ."

"ಸುಳ್ಳಾಗ್ತದಲ್ಲ ಭಟ್ರೇ."

"ನಿನ್ನ ಸತ್ಯದಿಂದ ನನ್ನ ಒಲೆ ಆರ್‍ತಲ್ಲ, ಅದಕ್ಕೆಂತ ಮಾಡೂದು?"

ನಾಳೆ ಸಂಜೆ ಗಾಡಿಯ ಹತ್ತಿರ ಬನ್ನಿ ಎಂದೆ. ನಾಚಿಕೆಯಾಯಿತು.

ಮಾರ್ಚ್ 18, ಸಂಜೆ 7.30

ಗಾಡಿಯ ಪಕ್ಕ ಕೂತು ಬರೆಯುತ್ತಿದ್ದೇನೆ. ಮುಬಾರಕ್ ತಕ್ಷಣ ಒಪ್ಪಿದರು. "ನನ್ನ ಗಾಡಿ, ನನ್ನ ಕಾಲು. ಯಾರಿಗೆಂತ ತೊಂದರೆ ಮೇಡಂ?" ಚಪ್ಪಲಿ ಅವರಿಗೆ ದೊಡ್ಡದು. ಅಕ್ಕಪಕ್ಕದ ಅಂಗಡಿಯವರು ಬೆನ್ನು ತಿರುಗಿಸಿ ನಿಂತಿದ್ದಾರೆ.

ಮೊದಲನೇ ಟೇಕ್ ಕೆಟ್ಟಿತು. ನಿಂತ ರೀತಿ ಮೊದಲ ಶಾಟಿನ ಭಟ್ಟರದಲ್ಲ. ಊರು ಹಿಡಿದುಬಿಡುತ್ತದೆ. ಭಟ್ಟರು ಬರಿಗಾಲಲ್ಲಿ ನಿಂತು ತೋರಿಸಿಕೊಡುತ್ತಿದ್ದಾರೆ. ಈಗ ನಾನು ಎದ್ದು ಹೇಳಬೇಕು — ಮುಬಾರಕ್ ಭಾಯ್, ಇನ್ನೊಮ್ಮೆ. ಎಡಗಾಲಿನ ಮೇಲೆ ಭಾರ ಹಾಕಿ, ಬಲಗಾಲು ಸ್ವಲ್ಪ...