ಟಿವಿಯಲ್ಲಿ ಸತ್ತ ಸುಗೆಂಗ್

ಜೊಂಬಾಂಗ್
ಗುರುವಾರ, ೧೭ ಜುಲೈ ೨೦೨೫

ಮುದ್ದಿನ ವೆನಿಂಗ್‌ಗೆ ಜುಮಾದಿ ಮಾವ ಬರೆಯುವುದು,

ನಾನು ಕ್ಷೇಮ. ಮಂಗಳವಾರವೇ ಬರೆಯಬೇಕಿತ್ತು, ಪೆನ್ನು ಹಿಡಿಯುವುದು, ಇಡುವುದು, ಇದೇ ಆಯಿತು. ಕ್ಷಮಿಸು. ಸ್ಪರ್ಧಿಗಳ ಫೋನನ್ನೆಲ್ಲ ಟಿವಿಯವರು ಇಸಿದುಕೊಂಡಿದ್ದಾರಲ್ಲ, ಅದಕ್ಕೇ ಈ ಕಾಗದವನ್ನು ನಿನ್ನ ಹೊಸ ಚಪ್ಪಲಿಯೊಳಗೆ ತುರುಕಿ, ಊರಿಗೆ ಬಂದಿರುವ ನಿನ್ನ ಮೇಕಪ್ಪಿನ ರಿರಿಸ್ ಕೈಯಲ್ಲಿ ನಾಳೆಯ ಜಕಾರ್ತ ರೈಲಿಗೆ ಕಳಿಸುತ್ತಿದ್ದೇನೆ. ಆರನೇ ಕ್ಲಾಸಿಗೇ ಶಾಲೆ ಬಿಟ್ಟ ನಿನ್ನ ಮಾವನ ತಲೆ ಹೇಗಿದೆ ನೋಡು.

ಟಿವಿಯಲ್ಲಿ ನಿನ್ನ ದಂಗ್ದುತ್ ಹಾಡು ಕೇಳಿ ಊರೇ ಹುಚ್ಚೆದ್ದಿದೆ. ತಾಳ ಕಲಿಸಿದ್ದು ಯಾರು ಎಂದು ಜನ ಕೇಳಲಿ ಅಂತ ನಾನು ಕಾಫಿ ಅಂಗಡಿ ಬಿಟ್ಟು ಏಳುವುದಿಲ್ಲ. ಕೇಳದಿದ್ದರೂ ಹೇಳುತ್ತೇನೆ.

ಇನ್ನು ಮುಂದಿನದನ್ನು ಕೂತು ಓದು. ಸೋಮವಾರ ವೇದಿಕೆಯ ಪರದೆಯ ಮೇಲೆ ನಾನು ಗೋರಿಯ ಮುಂದೆ ನಿಂತು, ನಿನ್ನಪ್ಪ ಸುಗೆಂಗ್ ತೀರಿಕೊಂಡ ಎಂದು ಅತ್ತೆನಲ್ಲ, ಅದು ಸುಳ್ಳು. ಆ ಗೋರಿ ನಿನ್ನಜ್ಜನದು. ನಿನ್ನಪ್ಪ ಮಲೇಷ್ಯಾದ ತಾಳೆ ತೋಟದಲ್ಲಿ ಬದುಕಿದ್ದಾನೆ.

ಚಿತ್ರ ತೆಗೆಯಲು ಬಂದ ಜಕಾರ್ತದ ಟಿವಿ ಹುಡುಗಿ ಮನೆ ನೋಡಿ ಮುಖ ಸಪ್ಪೆ ಮಾಡಿದಳು. "ಏನ್ ಸಾರ್, ನಿಮ್ಮನೇಗೆ ಟೈಲ್ಸ್ ಹಾಕ್ಸಿದೀರ. ಉಳಿದ ಸ್ಪರ್ಧಿಗಳ ಮನೆ ಎಲ್ಲಾ ಸೋರುತ್ತೆ. ಜನ ಅಳೋ ಅಂಥದ್ದು ಏನೂ ಇಲ್ವಾ ನಿಮ್ಮಲ್ಲಿ?" ನನ್ನ ಬಾಯಿ ನಿನಗೆ ಗೊತ್ತೇ ಇದೆ, ಹುಡುಗಿಯ ಅಪ್ಪ ಸತ್ತಿದ್ದಾನೆ ಅಂದುಬಿಟ್ಟೆ. ಆ ಮಾತನ್ನು ನೀನು ವೇದಿಕೆಯಲ್ಲಿ ನಿಂತು ಮೊದಲ ಸಲ ಕೇಳುತ್ತೀ, ನಿಜವೆಂದು ನಂಬುತ್ತೀ ಎಂಬುದು ಮಾತ್ರ ಹೊಳೆಯಲಿಲ್ಲ. ನೀನು ಕುಸಿದು ಕೂತೆ. ಜನ ವೋಟು ಸುರಿದರು.

ಮರುದಿನ ಸಂಜೆ ಪಕ್ಕದ ಮನೆಯ ತರ್ಮಿ ಸಾವಿನ ಮನೆಗೆಂದು ಅಕ್ಕಿ, ಸಕ್ಕರೆ ಹಿಡಿದು ಬಂದಳು. "ಸಾವಿನ ಸುದ್ದೀನ ನಾವು ಟಿವಿ ನೋಡಿ ತಿಳ್ಕೋಬೇಕಾ ಜುಮಾದಿ? ನಾಚ್ಕೆ ಇಲ್ವಾ? ಸರಿ, ಚಾಪೆ ಹಾಸು." ಹಿಂದೆಯೇ ನಲವತ್ತು ಜನ. ಬದುಕಿರುವವನಿಗೆ ಏಳು ದಿನದ ಪ್ರಾರ್ಥನೆ ನಡೆಯುತ್ತಿದೆ. ಎಲ್ಲರಿಗಿಂತ ಗಟ್ಟಿಯಾಗಿ ಆಮೀನ್ ಅನ್ನುತ್ತಿರುವವನು ನಾನು.

ನಾಡಿದ್ದು ಫೈನಲ್. ಅಗಲಿದ ಅಪ್ಪನಿಗಾಗಿ ನೀನು ಹಾಡುತ್ತೀ ಎಂದು ಗಂಟೆಗೊಮ್ಮೆ ಜಾಹೀರಾತು ಬರುತ್ತಿದೆ. ನಿಜ ಹೇಳಿದರೆ ನಿನ್ನನ್ನು ಹೊರಗೆ ಹಾಕಿಯಾರು. ಹೇಳದಿದ್ದರೆ ಆ ಹಾಡು ನಿನ್ನ ಗಂಟಲಿನಿಂದ ಹೇಗೆ ಹೊರಡುತ್ತದೋ ನನಗೆ ತಿಳಿಯದು. ಹೇಳುವುದಾದರೆ ನನ್ನ ಹೆಸರು ಹಿಡಿದೇ ಹೇಳು. ತರ್ಮಿಯ ಪೊರಕೆಗೆ ಬೆನ್ನು ಒಡ್ಡಿದರಾಯಿತು.

ನಿನ್ನ ಕಂಠ ಕೆಡದಿರಲಿ, ಕಾಲು ನಡುಗದಿರಲಿ, ಅಲ್ಲಾಹ್ ನಿನ್ನ ಜೊತೆಗೇ ಆ ವೇದಿಕೆಯ ಮೆಟ್ಟಿಲು ಹತ್ತಲಿ.

ನಿನ್ನ ಮಾವ,
ಜುಮಾದಿ

ಮ. ವಿ.: ನಿನ್ನಮ್ಮ ತೀರಿದ ಮೇಲೆ ಅಪ್ಪ ನಿನ್ನನ್ನು ಮರೆತ ಎಂದು ಒಂಬತ್ತು ವರ್ಷ ಹೇಳಿದೆನಲ್ಲ, ಅದೂ ಸುಳ್ಳು. ಪ್ರತಿ ಹಬ್ಬಕ್ಕೂ ಫೋನ್ ಮಾಡುತ್ತಿದ್ದ. "ಮಗು ಇದ್ಯಾ ಭಾವ? ಒಂದ್ ನಿಮಿಷ ಕೊಡು." ನೀನು ಒಳಗೇ ಇರುತ್ತಿದ್ದೆ. "ಅವ್ಳಿಗೆ ನಿನ್ ಜೊತೆ ಮಾತಾಡೋಕೆ ಇಷ್ಟ ಇಲ್ಲ" ಎಂದು ನಾನು ಅವನಿಗೆ ಹೇಳುತ್ತಿದ್ದೆ. ಫೋನ್ ಕೊಟ್ಟಿದ್ದರೆ ನೀನು ಅವನ ಮಗಳಾಗಿಬಿಡುತ್ತಿದ್ದೆ. ಸೋಮವಾರದ್ದನ್ನು ಅವನೂ ನೋಡಿದನಂತೆ. ನಿನ್ನೆ ಫೋನ್ ಮಾಡಿ, ಬೈಯುತ್ತಾನೆಂದು ಕಾದರೆ, "ನಾನು ಸತ್ತೆ ಅಂತ ಅವ್ಳು ಅಷ್ಟು ಅತ್ಲಾ ಭಾವ?" ಎಂದು ಕೇಳಿದ. ಅವನ ನಂಬರ್ ಹಾಳೆಯ ಹಿಂದಿದೆ. ರಿರಿಸ್ ಹತ್ತಿರ ಫೋನಿದೆ, ಅವನ ಪ್ರಶ್ನೆಗೆ ಉತ್ತರ ನೀನೇ ಕೊಡು.