ಆರ್ವಿಲ್‌ನ ಪೀಚ್ ಪೈ

ಜೂನ್ 14, 1975, ಶನಿವಾರ

ನಾಳೆ ಮೇಕನ್ ಬೇಸ್‌ಬಾಲ್ ಮೈದಾನದಲ್ಲಿ ನಮ್ಮ ಯಜಮಾನರಾದ ಲೂಷಿಯಸ್ ಅವರ ಪ್ರತಿಮೆಯ ಪರದೆಯನ್ನು ನಾನೇ ಸರಿಸಬೇಕು. ಕೆಳಗೆ ಅವರ ಬ್ಯಾಟಿಂಗ್ ಸರಾಸರಿ .402, ಅಂದರೆ ಹತ್ತು ಸರದಿಗೆ ನಾಲ್ಕು ಹೊಡೆತ, ಎಂದು ಕೆತ್ತಿದ್ದಾರೆ.

ಊಟಕ್ಕೆ ಬಂದಿದ್ದ ಮುದುಕ ಆರ್ವಿಲ್ ಬೆರಳು ನೆಕ್ಕುತ್ತಾ, "ಅಕ್ಕಾ, ನಿಮ್ಮ ಪೀಚ್ ಪೈ ತಿಂದ ದಿನ ಎದುರಾಳಿ ಚೆಂಡು ಕೈಚೆಲ್ಲಿದ್ದು ನನ್ನ ಕಣ್ಣಿಗೇ ಬೀಳ್ತಿರ್ಲಿಲ್ಲ. ಎಲ್ಲಾ ಲೂಷಿಯಸ್ ಹೊಡೆತಾನೇ!" ಎಂದು ನಕ್ಕ. ಊರಿನ ಆಟಗಳಲ್ಲಿ ಹೊಡೆತವೋ, ಎದುರಾಳಿಯ ತಪ್ಪೋ ಎಂದು ತೀರ್ಮಾನಿಸಿ ಬರೆಯುತ್ತಿದ್ದವನು ಅವನೇ. ಹೊಡೆತವೆಂದು ಬರೆದರೆ ಸರಾಸರಿ ಏರುತ್ತಿತ್ತು, ತಪ್ಪೆಂದು ಬರೆದರೆ ಇಳಿಯುತ್ತಿತ್ತು.

ತಮಾಷೆಯೇ ಇರಬಹುದು. ಆದರೆ ಅಡುಗೆಮನೆಗೆ ಕಾಲಿಡದ ಲೂಷಿಯಸ್ ಆಟದ ದಿನ ಮಾತ್ರ ಬಾಗಿಲಲ್ಲಿ ನಿಂತು, "ಆರ್ವಿಲ್‌ಗೆ ಪೈ ಆಯ್ತೇನೇ?" ಎನ್ನುತ್ತಿದ್ದರು. ಮಕ್ಕಳಿಗೆ ಚೂರೂ ಬಿಡದೆ ತಾವೇ ಒಯ್ಯುತ್ತಿದ್ದರು. ಸ್ನೇಹವೆಂದುಕೊಂಡಿದ್ದೆ.

ಹೋಗುವಾಗ ಆರ್ವಿಲ್, "ನಾಳೆಗೂ ಒಂದು ಮಾಡಿ ಅಕ್ಕಾ" ಎಂದ. ಮಾಡದಿದ್ದರೆ ಆ ಬಾಯಿ ಎಲ್ಲರೆದುರು ಏನು ಆಡೀತೋ.

ಹಿಟ್ಟು ಕಲಸಿಟ್ಟು ಬಂದಿದ್ದೇನೆ.