ಒಲೆಯ ಮೇಲಿನ ರಂಗೋಲಿ

ಚನ್ನರಾಯನದುರ್ಗ ಹೋಬಳಿ
೧೪ ಆಗಸ್ಟ್ ೨೦೨೫

ಮುದ್ದು ರಕ್ಷಾ,

ನಿನ್ನ ಅಮ್ಮನ ಆಶೀರ್ವಾದ. ಇದನ್ನು ಫೋನಿನಲ್ಲಿ ಹೇಳಿದರೆ ನೀನು ನಡುವೆ ಬಾಯಿ ಹಾಕಿ ನನ್ನನ್ನು ಕ್ಷಮಿಸಿಬಿಡುತ್ತೀಯೆ. ಅದಕ್ಕೇ ಕಾಗದ. ಪೂರ್ತಿ ಓದಿ ಆಮೇಲೆ ಬೈಯಿ.

ಸಿಲಿಂಡರು ಸಿಗಬೇಕಾದ ಊರುಗಳ ಕರಡು ಪಟ್ಟಿಯನ್ನು ಪಂಚಾಯ್ತಿ ಗೋಡೆಗೆ ಅಂಟಿಸಿದ್ದಾರೆ. ನಮ್ಮೂರಿನ ಹೆಸರಿಲ್ಲ. ಮನೆ ಉರುವಲಿನ ಮಸೂದೆ ಕಾನೂನಾದರೆ ಸೌದೆ ಒಲೆಯ ಮನೆಗಳಿಗೆ ವರ್ಷವಿಡೀ ಸಿಲಿಂಡರು ಸಿಗುತ್ತದೆಂದು ಹೇಳಿದವಳು ನೀನು. ನಮ್ಮೂರು ಮೊದಲ ಪಟ್ಟಿಯಲ್ಲೇ ಬರಲೆಂದು ಊರೂರಿನ ಒಲೆ ನೋಡಿ ವರದಿ ಬರೆಯುವ ನಿಮ್ಮ ಕಚೇರಿಯ ಸಮಿತಿಯವರನ್ನು ಇಲ್ಲಿಗೆ ಕರೆತಂದವಳೂ ನೀನೇ. ಹೆಸರು ಅಳಿಸಿದವಳು ನಾನು.

ಅವರು ಬರುತ್ತಾರೆಂದು ನೀನು ತಿಳಿಸಿದಾಗಿನಿಂದ ನನಗೆ ಒಂದೇ ಚಿಂತೆ, ಮಗಳ ಸಾಹೇಬರು ಮಸಿ ಹಿಡಿದ ಅಡುಗೆಮನೆ ನೋಡುತ್ತಾರಲ್ಲ ಎಂದು. ಮಹಿಳಾ ಸಂಘದ ಅಧ್ಯಕ್ಷೆ ಬೇರೆ ನಾನು, ಮನೆಮನೆಗೂ ಹೋಗಿ ಅಪ್ಪಣೆ ಕೊಟ್ಟೆ. ಗೋಡೆಗೆ ಸುಣ್ಣ, ಒಲೆಗೆ ಕೆಮ್ಮಣ್ಣು, ಮೇಲೆ ರಂಗೋಲಿ. ಜಾಲಿ ಸೌದೆಯನ್ನೆಲ್ಲ ಬಣವೆಯ ಹಿಂದೆ ಸಾಗಿಸಿದೆವು. ನಿನ್ನ ಸಣ್ಣ ಸಂಬಳಕ್ಕೆ ಕೈಯೊಡ್ಡಲು ಮನಸ್ಸಾಗದೆ ನಮ್ಮ ಸಿಲಿಂಡರು ಸಂಕ್ರಾಂತಿಯಿಂದಲೂ ಖಾಲಿ ಬಿದ್ದಿತ್ತು. ಅದನ್ನೇ ತೊಳೆದು, ಅರಿಶಿನ ಕುಂಕುಮ ಇಟ್ಟು ಎದುರಿಗೆ ನಿಲ್ಲಿಸಿದೆ. ದೊಡ್ಡವರು ಬರುವಾಗ ಒಲೆ ಸಾರಿಸಿ ರಂಗೋಲಿ ಹಾಕುವುದು ನಮ್ಮಲ್ಲಿ ಮರ್ಯಾದೆ. ಸಮಿತಿಯವರು ಆ ರಂಗೋಲಿಯ ಫೋಟೋ ತೆಗೆದುಕೊಂಡರು, ಈ ಒಲೆಯನ್ನು ಉರಿಸುವುದಿಲ್ಲ ಎನ್ನುವುದಕ್ಕೆ ಸಾಕ್ಷಿ ಎಂದು.

ಆಗಲಾದರೂ ಬಾಯಿ ಬಿಡಬಹುದಿತ್ತು. ಸೌದೆ ಉರಿಸುತ್ತೀರಾ ಎಂದು ನಿಮ್ಮ ಸಾಹೇಬರು ಮೆತ್ತಗೇ ಕೇಳಿದರು. "ಗ್ಯಾಸ್ ಬಂದ್ಮೇಲೆ ಒಲೆ ಹಚ್ಚೇ ಇಲ್ಲ ಸ್ವಾಮಿ" ಎಂದೆ. ಎಷ್ಟು ಸಲೀಸಾಗಿ ಬಂತು ನೋಡು. ನೀನು ಪುಸ್ತಕದಲ್ಲಿ ಬರೆದುಕೊಂಡೆ, ನನ್ನ ಮುಖ ನೋಡಲಿಲ್ಲ.

ಪಕ್ಕದ ಮನೆ ಕದರಮ್ಮನಿಗೆ ಎರಡು ವರ್ಷದಿಂದ ಕೆಮ್ಮು. ಹೊಗೆಯ ಹತ್ತಿರ ಸುಳಿಯಬೇಡ ಎಂದು ಮಧುಗಿರಿಯ ಡಾಕ್ಟರು ಹೇಳಿದ್ದಾರೆ. ಸಮಿತಿಯವರ ಮುಂದೆ ತಾನೂ ಒಂದು ಮಾತು ಹೇಳುತ್ತೇನೆಂದು ಅವಳು ಅವತ್ತು ಒಳ್ಳೆ ಸೀರೆ ಉಟ್ಟು ಬಂದಿದ್ದಳು. ದೊಡ್ಡವರ ಮುಂದೆ ಕೆಮ್ಮಿದರೆ ಚೆನ್ನಾಗಿರುವುದಿಲ್ಲ ಎಂದು ನಾನೇ ಅವಳನ್ನು ಹಿತ್ತಲಿಗೆ ಕಳಿಸಿದೆ. ಪಾಪ, ಸೀರೆಯ ನೆರಿಗೆ ಎತ್ತಿ ಹಿಡಿದು ಹೋದಳು.

ನಿನ್ನೆ ಪಟ್ಟಿಯ ವಿಷಯ ಹೇಳಲು ಅವಳ ಮನೆಗೆ ಹೋದೆ. ಒಲೆ ಊದುತ್ತ ಕುಳಿತಿದ್ದಳು. ಜಗಳವಾಡಿದ್ದರೆ ಎಷ್ಟೋ ವಾಸಿಯಿತ್ತು. "ನೀನು ನಿನ್ ಮಗಳ ಮಾನ ಉಳಿಸ್ಕಂಡೆ ಬುಡು ಕಣಮ್ಮ. ನನ್ ಉಸ್ರು ನಾನ್ಯಾರ್ನ ಕೇಳ್ಲಿ?" ಎಂದಳು. ನಾಚಿಕೆಯಿಂದ ನನಗೆ ಅಲ್ಲಿ ನಿಲ್ಲಲಾಗಲಿಲ್ಲ. ಮನೆಗೆ ಬಂದು ಆ ರಂಗೋಲಿಯನ್ನು ಬರಿಗೈಯಲ್ಲೇ ಅಳಿಸಿದೆ.

ಆಕ್ಷೇಪಣೆ ಸಲ್ಲಿಸಲು ಇಪ್ಪತ್ತೈದನೇ ತಾರೀಖು ಕೊನೆಯಂತೆ. ಅವತ್ತು ನಾನು ಹೇಳಿದ್ದು ಸುಳ್ಳು ಎಂದು ಕೈಯಾರೆ ಬರೆದು, ಸಹಿ ಹಾಕಿ ಈ ಕಾಗದದ ಜೊತೆ ಇಟ್ಟಿದ್ದೇನೆ. ಸೌದೆಯೂ ಮಸಿಯೂ ಮತ್ತೆ ತಮ್ಮ ತಮ್ಮ ಜಾಗದಲ್ಲಿವೆ. ಈ ಸಲ ಅವರು ಹೇಳದೇ ಕೇಳದೇ ಬಂದು ನೋಡಲಿ. ರಕ್ಷಾಳ ತಾಯಿ ಸುಳ್ಳುಗಾತಿ ಎಂದು ನಿನ್ನ ಕಚೇರಿಯಲ್ಲಿ ಎಲ್ಲರೂ ಓದುತ್ತಾರೆ. ಓದಲಿ. ನೀನೇ ಕೊಂಡುಹೋಗಿ ಕೊಡಬೇಕು, ಮಗಳೇ.

ತಲೆ ತಗ್ಗಿಸಿಕೊಂಡು ಬರೆದ
ನಿನ್ನ ಅಮ್ಮ
ರಾಮಾಂಜಿನಮ್ಮ

ಮತ್ತೆ: ಅವತ್ತು ನಿಮಗೆಲ್ಲ ಕೊಟ್ಟ ಕಾಫಿ ಕದರಮ್ಮ ಹಿತ್ತಲಲ್ಲಿ ಸೌದೆ ಹಚ್ಚಿ, ಕೆಮ್ಮು ಕೇಳಿಸದಂತೆ ಸೆರಗು ಬಾಯಿಗೆ ತುರುಕಿಕೊಂಡು ಕಾಸಿದ್ದು. ಹಾಲಿಗೆ ಹೊಗೆ ಹತ್ತಿತ್ತು. ನಿಮ್ಮ ಸಾಹೇಬರಿಗೆ ತಿಳಿಯಲಿಲ್ಲ, ಇನ್ನೊಂದು ಲೋಟ ಕೇಳಿ ಕುಡಿದರು. ಆ ಹೊಗೆಯಲ್ಲೇ ಬೆಳೆದವಳು ನೀನು, ಒಂದು ಗುಟುಕಿಗೇ ಲೋಟ ಕೆಳಗಿಟ್ಟು ಬರೆಯುವುದನ್ನು ಮುಂದುವರಿಸಿದೆ. ಆಕ್ಷೇಪಣೆಯಲ್ಲಿ ನನ್ನ ಸಹಿಯ ಕೆಳಗೆ ನಿನ್ನ ಸಹಿಗೂ ಜಾಗ ಬಿಟ್ಟಿದ್ದೇನೆ.